ಐವತ್ತು ಲಕ್ಷದ ಗೃಹಸಾಲ: ಕೊನೆಗೆ ನಾವು ಕಟ್ಟುವ ಹಣ ಎಷ್ಟು?

ಪ್ರಶ್ನೆ (ಮೈಸೂರು)

ಎಲ್ಲರಿಗೂ ನಮಸ್ಕಾರ. ಮೈಸೂರಿನಲ್ಲಿ, ನಾವು ಈಗ ಬಾಡಿಗೆಗಿರುವ ಬಡಾವಣೆಯಲ್ಲಿಯೇ, ವಾಸಕ್ಕೆ ಸಿದ್ಧವಾಗಿರುವ ಫ್ಲ್ಯಾಟ್ ಒಂದನ್ನು 65 ಲಕ್ಷ ರೂಪಾಯಿಗೆ ಕೊಳ್ಳಬೇಕೆಂದು ನಾನೂ ನನ್ನ ಪತ್ನಿಯೂ ನಿರ್ಧರಿಸಿದ್ದೇವೆ. ನನಗೆ 36 ವರ್ಷ. ಖಾಸಗಿ ಕಂಪನಿಯ ಕೆಲಸ, ಪಿಂಚಣಿ ಇಲ್ಲ. ಪತ್ನಿ ಖಾಸಗಿ ಕಾಲೇಜಿನಲ್ಲಿ ಉಪನ್ಯಾಸಕಿ. ಇಬ್ಬರೂ ಸೇರಿ ಕೂಡಿಟ್ಟಿರುವುದು 20 ಲಕ್ಷ. ಅದರಲ್ಲಿ 15 ಲಕ್ಷ ಹಾಕಿ, ಉಳಿದದ್ದಕ್ಕೆ 50 ಲಕ್ಷ ಸಾಲ ಕೇಳಿದ್ದೇವೆ.

ಶೇ 8ರ ಬದಲಾಗುವ ಬಡ್ಡಿದರದಲ್ಲಿ 20 ವರ್ಷಕ್ಕಾದರೆ ತಿಂಗಳ ಕಂತು 41,822 ರೂಪಾಯಿ, 30 ವರ್ಷಕ್ಕಾದರೆ 36,688 ರೂಪಾಯಿ ಎಂದು ಬ್ಯಾಂಕಿನವರು ತಿಳಿಸಿದ್ದಾರೆ. ಕಂತು ಹಗುರವಾಗಲಿ, 30 ವರ್ಷಕ್ಕೇ ತೆಗೆದುಕೊಳ್ಳಿ ಎಂಬುದು ಸಾಲ ವಿಭಾಗದವರ ಸಲಹೆ. ಅದರ ಜೊತೆಗೆ ಒಂದೂವರೆ ಲಕ್ಷ ರೂಪಾಯಿಯ ವಿಮೆಯೊಂದನ್ನು ಮಾಡಿಸಬೇಕು, ಅದರ ಕಂತನ್ನೂ ಸಾಲಕ್ಕೇ ಸೇರಿಸುತ್ತೇವೆ ಎನ್ನುತ್ತಿದ್ದಾರೆ. ನಮ್ಮ ಮಾವನವರು ಮಾತ್ರ ಸಾಲದ ಅವಧಿ ಎಷ್ಟು ಚಿಕ್ಕದಾದರೆ ಅಷ್ಟು ಕ್ಷೇಮ ಎಂದು ಪಟ್ಟು ಹಿಡಿದಿದ್ದಾರೆ. ತಿಂಗಳ ಕಂತಿನ ಲೆಕ್ಕ ನಮಗೆ ಅರ್ಥವಾಗುತ್ತದೆ. ಆದರೆ ಇಡೀ ಸಾಲ ಮುಗಿಯುವಷ್ಟರಲ್ಲಿ ಈ ಮನೆಗೆ ನಿಜವಾಗಿ ಎಷ್ಟು ಹಣ ತೆತ್ತಂತಾಗುತ್ತದೆ, ಅದರಲ್ಲಿ ಎಷ್ಟನ್ನು ತಗ್ಗಿಸುವುದು ನಮ್ಮ ಕೈಯಲ್ಲಿದೆ ಎಂಬುದನ್ನು ಬಲ್ಲವರು ದಯವಿಟ್ಟು ಬಿಡಿಸಿ ಹೇಳಬೇಕು.

ಉತ್ತರ 1 (ನಿವೃತ್ತ ಬ್ಯಾಂಕ್ ಅಧಿಕಾರಿ, ಶಿವಮೊಗ್ಗ)

ಸಾಲದ ಕಾಗದಗಳಿಗೆ ಸಹಿ ಹಾಕುವ ಮುನ್ನವೇ ಈ ಪ್ರಶ್ನೆ ಕೇಳಿದ್ದೀರಿ, ಬಹಳ ಸಂತೋಷ. ನೀವು ಕೊಟ್ಟಿರುವ ಅಂಕಿಗಳನ್ನೇ ಹಿಡಿದು ಹೇಳುತ್ತೇನೆ.

20 ವರ್ಷದ ಅವಧಿಯಲ್ಲಿ ನೀವು ಕಟ್ಟುವ ಒಟ್ಟು ಹಣ ಸುಮಾರು 1 ಕೋಟಿ 37 ಸಾವಿರ. ಅದರಲ್ಲಿ ಬಡ್ಡಿಯೇ 50.37 ಲಕ್ಷ. ಅಂದರೆ ಪಡೆದ ಅಸಲಿಗೆ ಸರಿಸಮನಾದ ಬಡ್ಡಿ. 30 ವರ್ಷದ ಅವಧಿಯಲ್ಲಿ ಒಟ್ಟು 1 ಕೋಟಿ 32 ಲಕ್ಷ, ಬಡ್ಡಿ 82 ಲಕ್ಷ. ತಿಂಗಳಿಗೆ 5,134 ರೂಪಾಯಿ ಉಳಿಯಿತೆಂದು ನೆಮ್ಮದಿ ಪಡುವ ಹೊತ್ತಿಗೆ 31.70 ಲಕ್ಷದ ಹೆಚ್ಚಿನ ಬಡ್ಡಿಗೆ ಒಪ್ಪಿಕೊಂಡಿರುತ್ತೀರಿ. 15 ವರ್ಷಕ್ಕೆ ಇಳಿಸಿದರೆ ಕಂತು 47,783 ರೂಪಾಯಿಗೆ ಏರುತ್ತದೆ, ಬಡ್ಡಿ 36 ಲಕ್ಷಕ್ಕೆ ಇಳಿಯುತ್ತದೆ.

ಇದು ಏಕೆ ಹೀಗಾಗುತ್ತದೆ ಎಂಬುದನ್ನು ಮೊದಲ ಕಂತಿನಲ್ಲಿಯೇ ಕಾಣಬಹುದು. 50 ಲಕ್ಷಕ್ಕೆ ಶೇ 8ರಂತೆ ಒಂದು ತಿಂಗಳ ಬಡ್ಡಿ 33,333 ರೂಪಾಯಿ. 41,822ರ ಕಂತಿನಲ್ಲಿ ಬಡ್ಡಿ ಹೋಗಿ ಅಸಲಿಗೆ ಸಲ್ಲುವುದು 8,489 ರೂಪಾಯಿ. 36,688ರ ಕಂತಿನಲ್ಲಿ ಕೇವಲ 3,355. ಬಡ್ಡಿ ಯಾವಾಗಲೂ ಬಾಕಿಯಿರುವ ಅಸಲಿನ ಮೇಲೆ ಬೀಳುತ್ತದೆ. ಅಸಲು ಕರಗದಿದ್ದರೆ ಬಡ್ಡಿಯೂ ಕರಗುವುದಿಲ್ಲ. ಹಾಗಾಗಿ 20 ವರ್ಷದ ಸಾಲದಲ್ಲಿ ಐದು ವರ್ಷ ತಪ್ಪದೆ ಕಂತು ಕಟ್ಟಿ 25 ಲಕ್ಷ ತೆತ್ತ ಮೇಲೂ ಬಾಕಿ 43.76 ಲಕ್ಷ ಉಳಿದಿರುತ್ತದೆ. ಅಸಲಿನ ಅರ್ಧ ತೀರುವುದಕ್ಕೆ ಹದಿಮೂರೂವರೆ ವರ್ಷಕ್ಕಿಂತ ಹೆಚ್ಚು ಕಾಲ ಬೇಕು. 30 ವರ್ಷದ ಸಾಲವನ್ನು ನೋಡಿ: ಹತ್ತು ವರ್ಷದಲ್ಲಿ ನೀವು ಕಟ್ಟಿದ್ದು 44.03 ಲಕ್ಷ, ಆ ದಿನ ಉಳಿದಿರುವ ಬಾಕಿ 43.86 ಲಕ್ಷ. ನಿಮ್ಮ ಮಾವನವರ ಮುಂದೆ ಈ ಎರಡು ಸಂಖ್ಯೆಗಳನ್ನು ಇಡಿ, ಅವರು ಹೇಳುತ್ತಿರುವುದು ಇದನ್ನೇ.

ಇನ್ನು ಸಾಲದ ಪತ್ರದಲ್ಲಿ ಕಾಣದ ಖರ್ಚುಗಳು. 45 ಲಕ್ಷಕ್ಕಿಂತ ಹೆಚ್ಚು ಬೆಲೆಯ ಮನೆಗೆ ಕರ್ನಾಟಕದಲ್ಲಿ ಶೇ 5ರ ಮುದ್ರಾಂಕ ಶುಲ್ಕ, ಅದರ ಮೇಲಿನ ಸೆಸ್ ಮತ್ತು ಸರ್‌ಚಾರ್ಜು, ಜೊತೆಗೆ 2025ರ ಆಗಸ್ಟ್ 31ರಿಂದ ಶೇ 1ರಿಂದ ಶೇ 2ಕ್ಕೆ ಏರಿರುವ ನೋಂದಣಿ ಶುಲ್ಕ, ಎಲ್ಲ ಸೇರಿ ನಗರ ಪ್ರದೇಶದಲ್ಲಿ ಶೇ 7.6 ಆಗುತ್ತದೆ. ಕ್ರಯದ ಬೆಲೆ, ಸರ್ಕಾರ ಆ ಪ್ರದೇಶಕ್ಕೆ ಗೊತ್ತುಪಡಿಸಿದ ಮಾರ್ಗಸೂಚಿ ಬೆಲೆ ಇವೆರಡರಲ್ಲಿ ಯಾವುದು ಹೆಚ್ಚೋ ಅದರ ಮೇಲೆ ಈ ಲೆಕ್ಕ. 65 ಲಕ್ಷಕ್ಕೆ 4.94 ಲಕ್ಷ. ಇದನ್ನು ಬ್ಯಾಂಕು ಮನೆಯ ಮೌಲ್ಯದಲ್ಲಿ ಸೇರಿಸಿಕೊಳ್ಳುವಂತಿಲ್ಲವಾದ್ದರಿಂದ ನಿಮ್ಮ ಕೈಯಿಂದಲೇ ಹೋಗಬೇಕು. ನೀವು ಹಾಕಬೇಕಾದ 15 ಲಕ್ಷಕ್ಕೆ ಇದನ್ನು ಕೂಡಿಸಿದರೆ 19.94 ಲಕ್ಷ, ಕೂಡಿಟ್ಟ 20 ಲಕ್ಷದಲ್ಲಿ ಉಳಿಯುವುದು ಆರು ಸಾವಿರ ರೂಪಾಯಿ! ಸಂಸ್ಕರಣಾ ಶುಲ್ಕ, ವಕೀಲರ ಕಾನೂನು ಅಭಿಪ್ರಾಯ, ಮೌಲ್ಯಮಾಪಕರ ವರದಿ, ಹಕ್ಕುಪತ್ರಗಳನ್ನು ಬ್ಯಾಂಕಿಗೆ ಅಡವಿಟ್ಟದ್ದಕ್ಕೆ ಬರೆದುಕೊಡುವ ಎಂಒಡಿಟಿ ಎಂಬ ಪತ್ರದ ಮುದ್ರಾಂಕ ಇವೆಲ್ಲ ಇನ್ನೂ ಬಾಕಿ ಇವೆ. ನನಗೆ ಅವಧಿಗಿಂತಲೂ ಹೆಚ್ಚು ಚಿಂತೆ ತರುವ ವಿಷಯ ಇದು. ಕೈಯಲ್ಲಿ ಆರು ತಿಂಗಳ ಕಂತಿನಷ್ಟಾದರೂ ಹಣವಿಲ್ಲದೆ ಗೃಹಸಾಲಕ್ಕೆ ಇಳಿಯಬಾರದು. 30 ಲಕ್ಷದಿಂದ 75 ಲಕ್ಷದವರೆಗಿನ ಸಾಲಕ್ಕೆ ಮನೆಯ ಮೌಲ್ಯದ ಶೇ 80ರವರೆಗೆ ಕೊಡಲು ರಿಸರ್ವ್ ಬ್ಯಾಂಕಿನ ನಿಯಮದಲ್ಲಿ ಅವಕಾಶವಿದೆ. ನಿಮ್ಮ ಮಟ್ಟಿಗೆ ಅದು 52 ಲಕ್ಷ. ಎರಡು ಲಕ್ಷ ಹೆಚ್ಚು ಸಾಲ ಪಡೆದು ಆಪತ್ತಿಗೆಂದು ಇಟ್ಟುಕೊಳ್ಳಬಹುದು, 20 ವರ್ಷಕ್ಕೆ ಕಂತು 43,495 ಆಗುತ್ತದೆ. ಅದಕ್ಕಿಂತ, ಸಾಧ್ಯವಿದ್ದರೆ ಇನ್ನೊಂದು ವರ್ಷ ಉಳಿತಾಯ ಮಾಡಿ ಕೊಳ್ಳುವುದು ನನ್ನ ದೃಷ್ಟಿಯಲ್ಲಿ ಮೇಲು.

ವಿಮೆ ಬೇಕು, ಆದರೆ ಆ ರೀತಿಯಲ್ಲಿ ಬೇಡ. ಒಂದೂವರೆ ಲಕ್ಷವನ್ನು ಸಾಲಕ್ಕೆ ಸೇರಿಸಿದರೆ 20 ವರ್ಷದಲ್ಲಿ ಅದು ಮೂರು ಲಕ್ಷವಾಗುತ್ತದೆ. ಸಾಲ ಕೊಡುವವರ ಬಳಿಯೇ ವಿಮೆ ಮಾಡಿಸಬೇಕೆಂಬ ಕಡ್ಡಾಯ ಇಲ್ಲ. ಸಾಲದ ಮೊತ್ತಕ್ಕೆ ಸರಿಹೊಂದುವ ಟರ್ಮ್ ವಿಮೆಯನ್ನು (ಅವಧಿಯೊಳಗೆ ಸಾವು ಸಂಭವಿಸಿದರೆ ಮಾತ್ರ ಹಣ ಕೊಡುವ ವಿಮೆ) ನೀವಿಬ್ಬರೂ ಪ್ರತ್ಯೇಕವಾಗಿ ಮಾಡಿಸಿಕೊಂಡು ವರ್ಷ ವರ್ಷ ಕಂತು ಕಟ್ಟಿಕೊಂಡು ಹೋಗಿ. ಸಾಲ ಬೇರೆ ಬ್ಯಾಂಕಿಗೆ ವರ್ಗಾವಣೆಯಾದರೂ ಆ ವಿಮೆ ನಿಮ್ಮದಾಗಿಯೇ ಇರುತ್ತದೆ.

ಕೊನೆಯದಾಗಿ ಒಂದು ಕಾಗದವನ್ನು ಕೇಳಿ ಪಡೆಯಿರಿ. 2024ರ ಅಕ್ಟೋಬರ್ 1ರಿಂದ ಪ್ರತಿಯೊಂದು ಹೊಸ ಚಿಲ್ಲರೆ ಸಾಲಕ್ಕೂ, ಅಂದರೆ ಗೃಹಸಾಲದಂತೆ ವ್ಯಕ್ತಿಗಳು ಪಡೆಯುವ ಸಾಲಕ್ಕೂ, ಕೆಎಫ್‌ಎಸ್ ಎಂಬ ಮುಖ್ಯಾಂಶಗಳ ಪತ್ರವನ್ನು ಕೊಡಬೇಕೆಂದು ರಿಸರ್ವ್ ಬ್ಯಾಂಕ್ ವಿಧಿಸಿದೆ. ಶುಲ್ಕಗಳೆಲ್ಲವನ್ನೂ ಒಳಗೊಂಡ ವಾರ್ಷಿಕ ದರ, ಅಂದರೆ ಎಪಿಆರ್, ಅದರಲ್ಲಿ ಇರುತ್ತದೆ. ಕಂತುಗಳ ಪೂರ್ಣ ತಃಖ್ತೆಯೂ ಇರುತ್ತದೆ. ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿ ಅದು ಇರಬೇಕೆಂಬುದೂ ನಿಯಮವೇ ಆದ್ದರಿಂದ ಕನ್ನಡದಲ್ಲಿಯೇ ಕೇಳಲು ಸಂಕೋಚಪಡಬೇಡಿ. ಎರಡು ಬ್ಯಾಂಕುಗಳ ಸಾಲವನ್ನು ಹೋಲಿಸುವಾಗ ಜಾಹೀರಾತಿನ ಬಡ್ಡಿದರವನ್ನು ಬಿಟ್ಟು ಈ ಎಪಿಆರ್ ಅನ್ನು ಪಕ್ಕಪಕ್ಕದಲ್ಲಿಟ್ಟು ನೋಡಿ.

ಉತ್ತರ 2 (ಹುಬ್ಬಳ್ಳಿ)

ಮೇಲಿನ ಹಿರಿಯರು ಹೇಳಿದ ಲೆಕ್ಕವೆಲ್ಲ ಬಡ್ಡಿದರ 20 ವರ್ಷವೂ ಶೇ 8ರಲ್ಲಿಯೇ ನಿಂತಿರುತ್ತದೆ ಎಂಬ ಆಧಾರದ ಮೇಲೆ ನಿಂತಿದೆ. ಬದಲಾಗುವ ದರದ ಸಾಲದಲ್ಲಿ ಅದು ನಿಲ್ಲುವುದಿಲ್ಲ. 2021ರಲ್ಲಿ ಮನೆ ಕೊಂಡ ನಮ್ಮಂಥವರಿಗೆ ಇದು ಚೆನ್ನಾಗಿ ಅನುಭವಕ್ಕೆ ಬಂದಿದೆ.

2019ರ ಅಕ್ಟೋಬರ್‌ನಿಂದ ಬ್ಯಾಂಕುಗಳು ಕೊಡುವ ಬದಲಾಗುವ ದರದ ಹೊಸ ಗೃಹಸಾಲಗಳು ಹೊರಗಿನ ಮಾನದಂಡವೊಂದಕ್ಕೆ, ಹೆಚ್ಚಿನ ಬ್ಯಾಂಕುಗಳಲ್ಲಿ ರೆಪೊ ದರಕ್ಕೆ (ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ), ಜೋಡಣೆಯಾಗಿವೆ; ಕನಿಷ್ಠ ಮೂರು ತಿಂಗಳಿಗೊಮ್ಮೆ ದರ ಪರಿಷ್ಕರಣೆಯಾಗುತ್ತದೆ. 2022ರ ಮೇ ತಿಂಗಳಲ್ಲಿ ಶೇ 4ರಲ್ಲಿದ್ದ ರೆಪೊ ದರ ಒಂಬತ್ತು ತಿಂಗಳಲ್ಲಿ, 2023ರ ಫೆಬ್ರುವರಿಯ ಹೊತ್ತಿಗೆ, ಶೇ 6.5ಕ್ಕೆ ಏರಿತು. ಇದರ ಪರಿಣಾಮವನ್ನು ದುಂಡು ಸಂಖ್ಯೆಯಲ್ಲಿ ಹೇಳುತ್ತೇನೆ. ಶೇ 6.75ರಲ್ಲಿ 20 ವರ್ಷಕ್ಕೆ ಪಡೆದ 50 ಲಕ್ಷದ ಸಾಲಕ್ಕೆ ಕಂತು 38,018 ರೂಪಾಯಿ. ಒಂದು ವರ್ಷದ ಬಳಿಕ ಬಾಕಿ 48.78 ಲಕ್ಷ. ಆಗ ದರ ಒಂದೇ ಸಲಕ್ಕೆ ಎರಡೂವರೆ ಅಂಶ ಏರಿ ಶೇ 9.25 ಆಯಿತೆಂದು ಇಟ್ಟುಕೊಳ್ಳಿ. ತಿಂಗಳ ಬಡ್ಡಿಯೇ 37,598 ರೂಪಾಯಿ. ಹಳೆಯ ಕಂತನ್ನೇ ಕಟ್ಟುತ್ತ ಹೋದರೆ ಅಸಲಿಗೆ ಮೊದಲ ತಿಂಗಳು ಸಲ್ಲುವುದು 420 ರೂಪಾಯಿ ಮಾತ್ರ, ಸಾಲ ತೀರಲು ಇನ್ನೂ ಸುಮಾರು 49 ವರ್ಷ ಬೇಕು. ಯಾವ ಬ್ಯಾಂಕೂ ಅಷ್ಟು ದೂರ ಎಳೆಯಲು ಬಿಡುವುದಿಲ್ಲ. ತನ್ನ ಮಿತಿಯವರೆಗೆ ಅವಧಿಯನ್ನು ಎಳೆದು ಆಮೇಲೆ ಕಂತನ್ನು ಏರಿಸುತ್ತದೆ. ಆದರೆ ಕಂತು ಬದಲಾಗದೆ ಇದ್ದಾಗ ಮನೆಯವರಿಗೆ ಏನೂ ಆಗಿಲ್ಲವೆಂದೇ ತೋರುತ್ತದೆ. ನನ್ನ ಸಾಲದಲ್ಲಿಯೂ ಹೀಗೇ ಆಯಿತು. ಯಾವ ಪತ್ರವೂ ಬರಲಿಲ್ಲ. ಖಾತೆಯ ವಿವರಪಟ್ಟಿಯನ್ನು ತೆಗೆಸಿ ನೋಡಿದಾಗ ಕೊನೆಯ ಕಂತಿನ ದಿನಾಂಕ ನನ್ನ ನಿವೃತ್ತಿಯ ವರ್ಷವನ್ನು ದಾಟಿ ಹೋಗಿತ್ತು. ಶಾಖೆಗೆ ಹೋಗಿ ಲಿಖಿತ ಮನವಿ ಕೊಟ್ಟು ಕಂತನ್ನು ಏರಿಸಿಕೊಂಡು ಅವಧಿಯನ್ನು ಹಿಂದಕ್ಕೆ ತರಿಸಿದೆ.

ಈಗ ನಿಯಮ ಸಾಲಗಾರರ ಪರವಾಗಿದೆ. ದರ ಏರಿದಾಗ ಅದನ್ನು ತಿಳಿಸಬೇಕು, ಕಂತು ಏರಿಸಬೇಕೋ ಅವಧಿ ಹಿಗ್ಗಿಸಬೇಕೋ ಅಥವಾ ಎರಡನ್ನೂ ಸ್ವಲ್ಪ ಸ್ವಲ್ಪ ಮಾಡಬೇಕೋ ಎಂಬ ಆಯ್ಕೆಯನ್ನು ಸಾಲಗಾರನಿಗೇ ಕೊಡಬೇಕು, ಅವಧಿ ಹಿಗ್ಗಿದ್ದರಿಂದ ಕಂತು ಬಡ್ಡಿಗೂ ಸಾಕಾಗದ ಸ್ಥಿತಿ ಬರಬಾರದು ಎಂದು 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಸುತ್ತೋಲೆ ಹೊರಡಿಸಿತು. ಆದರೂ ನೀವೇ ಕೇಳಿದರೆ ಮಾತ್ರ ಆಯ್ಕೆ ಕೈಗೆ ಬರುತ್ತದೆ. ವರ್ಷಕ್ಕೊಮ್ಮೆ ವಿವರಪಟ್ಟಿ ತೆಗೆಸಿ ಬಾಕಿ, ದರ, ಉಳಿದ ಕಂತುಗಳು ಈ ಮೂರನ್ನು ನೋಡಿಕೊಳ್ಳಿ.

ಇದಕ್ಕೆ ಇನ್ನೊಂದು ಮುಖವೂ ಇದೆ. 2025ರಲ್ಲಿ ರೆಪೊ ದರ ಹಂತ ಹಂತವಾಗಿ ಶೇ 6.5ರಿಂದ 5.25ಕ್ಕೆ ಇಳಿಯಿತು. ದರ ಇಳಿದಾಗ ಕಂತನ್ನು ತಗ್ಗಿಸಿಕೊಳ್ಳುವ ಆಸೆಯಾಗುತ್ತದೆ. ಹಾಗೆ ಮಾಡದೆ ಹಳೆಯ ಕಂತನ್ನೇ ಉಳಿಸಿಕೊಂಡು ಅವಧಿಯನ್ನು ತಗ್ಗಿಸಿಕೊಳ್ಳಿ. ಹೊಸ ಸಾಲಗಾರರಿಗೆ ಬ್ಯಾಂಕು ಕೊಡುತ್ತಿರುವ ದರ ನಿಮ್ಮ ದರಕ್ಕಿಂತ ಕಡಿಮೆ ಇದ್ದರೆ, ರೆಪೊ ಮೇಲೆ ಹೇರಿರುವ ಹೆಚ್ಚುವರಿ ದರವನ್ನು, ಅಂದರೆ ಸ್ಪ್ರೆಡ್ ಅನ್ನು, ಇಳಿಸಿಕೊಡಿ ಎಂದು ಅರ್ಜಿ ಕೊಡಬಹುದು; ಒಪ್ಪದಿದ್ದರೆ ಸಾಲವನ್ನು ಬೇರೆ ಬ್ಯಾಂಕಿಗೆ ವರ್ಗಾಯಿಸಬಹುದು. ನೀವು ವಿಚಾರಿಸುತ್ತಿರುವುದು ಬ್ಯಾಂಕೋ ಗೃಹಹಣಕಾಸು ಸಂಸ್ಥೆಯೋ ಎಂಬುದನ್ನೂ ಗಮನಿಸಿ, ಏಕೆಂದರೆ ಹೊರಗಿನ ಮಾನದಂಡಕ್ಕೆ ಜೋಡಿಸಬೇಕೆಂಬ ಕಟ್ಟಳೆ ಬ್ಯಾಂಕುಗಳಿಗೆ ಮಾತ್ರ ಅನ್ವಯಿಸುತ್ತದೆ. ಗೃಹಹಣಕಾಸು ಸಂಸ್ಥೆಗಳು ತಮ್ಮದೇ ಆಂತರಿಕ ದರವನ್ನು ಅನುಸರಿಸಬಹುದು.

ಉತ್ತರ 3 (ಬೆಂಗಳೂರು)

ಒಟ್ಟು ಬಡ್ಡಿಯ ಮೊತ್ತವನ್ನೇ ನಿಜವಾದ ವೆಚ್ಚವೆಂದು ಹೇಳುವುದನ್ನು ನಾನು ಪೂರ್ತಿಯಾಗಿ ಒಪ್ಪುವುದಿಲ್ಲ. ಇಂದಿನ ರೂಪಾಯಿಯೂ 20 ವರ್ಷದ ನಂತರದ ರೂಪಾಯಿಯೂ ಒಂದೇ ಅಲ್ಲ. ರಿಸರ್ವ್ ಬ್ಯಾಂಕಿನ ಹಣದುಬ್ಬರದ ಗುರಿ ಶೇ 4. ಅಷ್ಟೇ ಹಣದುಬ್ಬರ ಇರುತ್ತದೆ ಎಂದುಕೊಂಡರೂ, ನೀವು ಕಟ್ಟುವ ಕೊನೆಯ 41,822ರ ಕಂತಿನ ಬೆಲೆ ಇಂದಿನ ಹಣದಲ್ಲಿ ಸುಮಾರು 19 ಸಾವಿರ ರೂಪಾಯಿ. 20 ವರ್ಷದ ಕಂತುಗಳನ್ನೆಲ್ಲ ಹೀಗೆ ಇಂದಿನ ಮೌಲ್ಯಕ್ಕೆ ಇಳಿಸಿ ಕೂಡಿದರೆ ಒಂದು ಕೋಟಿಯ ಬದಲು 69 ಲಕ್ಷ ಬರುತ್ತದೆ. 30 ವರ್ಷದ್ದು 77 ಲಕ್ಷ. ಅವೆರಡರ ನಡುವಿನ ನಿಜವಾದ ಅಂತರ 32 ಲಕ್ಷವಲ್ಲ, ಎಂಟು ಲಕ್ಷ.

ಜೊತೆಗೆ ಉಳಿಯುವ ಬಾಡಿಗೆಯನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಬೇಕು. ಫ್ಲ್ಯಾಟಿನ ನಿರ್ವಹಣಾ ಶುಲ್ಕ, ಆಸ್ತಿ ತೆರಿಗೆ, ಹತ್ತು ವರ್ಷಕ್ಕೊಮ್ಮೆ ಬರುವ ಬಣ್ಣ, ಕೊಳಾಯಿ, ಲಿಫ್ಟಿನ ಖರ್ಚುಗಳನ್ನು ಆ ಬಾಡಿಗೆಯಿಂದ ಕಳೆಯಬೇಕು ಎಂಬುದೂ ಅಷ್ಟೇ ನಿಜ.

ನನ್ನ ಸಲಹೆ ಹೀಗಿದೆ. ನಿಮ್ಮ ಕೈಯಲ್ಲಿ ಮೀಸಲು ಹಣ ಇಲ್ಲ, ಇಬ್ಬರದ್ದೂ ಖಾಸಗಿ ಕೆಲಸ. ಕಾಗದದ ಮೇಲೆ ಅವಧಿ 30 ವರ್ಷವೇ ಇರಲಿ. ಕಟ್ಟುವಾಗ 20 ವರ್ಷದ ಕಂತಿನಷ್ಟು, ಅಂದರೆ 41,822 ರೂಪಾಯಿಯನ್ನೇ ಕಟ್ಟಿ. ವ್ಯತ್ಯಾಸದ ಹಣ ನೇರವಾಗಿ ಅಸಲಿಗೆ ಸಲ್ಲುವುದರಿಂದ ಸಾಲ 20 ವರ್ಷದಲ್ಲಿಯೇ ತೀರುತ್ತದೆ. ಒಬ್ಬರ ಕೆಲಸ ಹೋದ ವರ್ಷ ಮಾತ್ರ 36,688ಕ್ಕೆ ಇಳಿಯುವ ಅವಕಾಶ ನಿಮಗೆ ಇರುತ್ತದೆ. ವ್ಯಕ್ತಿಗಳು ಪಡೆದ ಬದಲಾಗುವ ದರದ ಗೃಹಸಾಲಕ್ಕೆ ಅವಧಿಗೆ ಮುನ್ನ ಹಣ ಕಟ್ಟಿದರೆ ದಂಡ ವಿಧಿಸುವಂತಿಲ್ಲ.

ಉತ್ತರ 1ರವರಿಂದ ಮತ್ತೆ

ಬೆಂಗಳೂರಿನವರ ಲೆಕ್ಕ ಸರಿಯಾಗಿದೆ, ಹಣದುಬ್ಬರವನ್ನು ನಾನು ಹೇಳದೆ ಬಿಟ್ಟದ್ದನ್ನು ಅವರು ತುಂಬಿಕೊಟ್ಟಿದ್ದಾರೆ. ಆದರೆ ಆ ಲೆಕ್ಕ ನಿಲ್ಲಬೇಕಾದರೆ ಹಣದುಬ್ಬರದ ಜೊತೆಗೆ ಸಂಬಳವೂ ಏರಬೇಕು. ನಿಮಗೆ 36 ವರ್ಷ. 30 ವರ್ಷದ ಸಾಲ 66ಕ್ಕೆ ಮುಗಿಯುತ್ತದೆ. ಪಿಂಚಣಿ ಇಲ್ಲದವರಿಗೆ 60ರ ನಂತರದ ಒಂದೊಂದು ಕಂತೂ, ಇಂದಿನ ಮೌಲ್ಯದಲ್ಲಿ ಎಷ್ಟೇ ಸಣ್ಣದಾಗಿ ಕಂಡರೂ, ಭಾರವೇ. ದೀರ್ಘಾವಧಿಗೆ ಪಡೆದು ಹೆಚ್ಚು ಕಟ್ಟುತ್ತೇವೆ ಎಂದವರಲ್ಲಿ ಅನೇಕರು ಮಕ್ಕಳ ಶಾಲಾ ಶುಲ್ಕ, ಕಾರು, ಮದುವೆಗಳ ನಡುವೆ ಅದನ್ನು ನಿಲ್ಲಿಸಿಬಿಟ್ಟದ್ದನ್ನು ನನ್ನ ಸೇವಾವಧಿಯಲ್ಲಿ ನೋಡಿದ್ದೇನೆ. ಆ ದಾರಿಯನ್ನೇ ಹಿಡಿಯುವುದಾದರೆ ಹೆಚ್ಚುವರಿ ಹಣವನ್ನು ಸಂಬಳದ ಖಾತೆಯಿಂದ ತಾನಾಗಿಯೇ ಕಡಿತವಾಗುವಂತೆ ಮೊದಲ ತಿಂಗಳಿನಿಂದಲೇ ವ್ಯವಸ್ಥೆ ಮಾಡಿಸಿ, ಅದು ಮುಂದಿನ ಕಂತಿಗೆ ಜಮೆಯಾಗದೆ ಅಸಲಿಗೆ ಜಮೆಯಾಗಬೇಕೆಂದು ಶಾಖೆಗೆ ಬರೆದುಕೊಡಿ.

ಮುಂಗಡ ಪಾವತಿಯ ವಿಷಯದಲ್ಲಿ ಕಾಲವೇ ಮುಖ್ಯ. ಮೊದಲ ವರ್ಷದ ಕೊನೆಯಲ್ಲಿ 2 ಲಕ್ಷ ರೂಪಾಯಿ ಅಸಲಿಗೆ ಕಟ್ಟಿ ಕಂತನ್ನು ಹಾಗೆಯೇ ಉಳಿಸಿಕೊಂಡರೆ 20 ಕಂತುಗಳು ಕಡಿಮೆಯಾಗಿ ಸುಮಾರು ಆರೂವರೆ ಲಕ್ಷ ಬಡ್ಡಿ ಉಳಿಯುತ್ತದೆ. ಅದೇ 2 ಲಕ್ಷವನ್ನು ಹದಿನೈದನೆಯ ವರ್ಷದ ಕೊನೆಯಲ್ಲಿ ಕಟ್ಟಿದರೆ ಉಳಿಯುವುದು 90 ಸಾವಿರದಷ್ಟು. ಪ್ರತಿ ವರ್ಷ ಒಂದು ಕಂತು ಹೆಚ್ಚಾಗಿ ಕಟ್ಟಿದರೂ ಸಾಕು, 20 ವರ್ಷದ ಸಾಲ ಹದಿನೇಳು ವರ್ಷದೊಳಗೆ ತೀರುತ್ತದೆ, ಒಂಬತ್ತು ಲಕ್ಷದಷ್ಟು ಬಡ್ಡಿ ಉಳಿಯುತ್ತದೆ. ಆದರೆ ಮೀಸಲು ಹಣವನ್ನು ಕೂಡಿಸಿಕೊಳ್ಳುವವರೆಗೆ ಒಂದು ರೂಪಾಯಿಯನ್ನೂ ಹೆಚ್ಚಾಗಿ ಕಟ್ಟಬೇಡಿ. ಬ್ಯಾಂಕಿಗೆ ಕೊಟ್ಟ ಹಣವನ್ನು ಕಷ್ಟಕಾಲದಲ್ಲಿ ಹಿಂದಕ್ಕೆ ಕೇಳಲು ಬರುವುದಿಲ್ಲ. ಉಳಿತಾಯದ ಹಣವನ್ನು ಸಾಲದ ಖಾತೆಯಲ್ಲಿಯೇ ಇಟ್ಟು ಬೇಕಾದಾಗ ತೆಗೆಯಬಹುದಾದ ಓವರ್‌ಡ್ರಾಫ್ಟ್ ಮಾದರಿಯ ಗೃಹಸಾಲ ಕೆಲವು ಬ್ಯಾಂಕುಗಳಲ್ಲಿ ಉಂಟು, ಅದರ ಬಡ್ಡಿ ತುಸು ಹೆಚ್ಚಿದ್ದರೂ ವಿಚಾರಿಸಿ ನೋಡಬಹುದು.

ಉತ್ತರ 4 (ತೆರಿಗೆ ಸಲಹೆಗಾರ, ಮಂಗಳೂರು)

ತೆರಿಗೆ ಉಳಿಯುತ್ತದೆ, ಆದ್ದರಿಂದ ಬಡ್ಡಿ ಅಷ್ಟೇನೂ ಭಾರವಲ್ಲ ಎಂದು ಯಾರಾದರೂ ಹೇಳಿದರೆ ಮೊದಲು ನೀವು ಯಾವ ತೆರಿಗೆ ಪದ್ಧತಿಯಲ್ಲಿದ್ದೀರಿ ಎಂದು ನೋಡಿಕೊಳ್ಳಿ. ಸ್ವಂತ ವಾಸದ ಮನೆಯ ಸಾಲದ ಬಡ್ಡಿಗೆ ಹೊಸ ಪದ್ಧತಿಯಲ್ಲಿ ವಿನಾಯಿತಿಯೇ ಇಲ್ಲ. ಹಳೆಯ ಪದ್ಧತಿಯಲ್ಲಿ ವರ್ಷಕ್ಕೆ ಒಬ್ಬರಿಗೆ 2 ಲಕ್ಷದ ಮಿತಿಯಿದೆ. ಇಬ್ಬರೂ ಸಹ ಮಾಲೀಕರೂ ಸಹ ಸಾಲಗಾರರೂ ಆಗಿದ್ದರೆ ಇಬ್ಬರೂ ಪ್ರತ್ಯೇಕವಾಗಿ ಪಡೆಯಬಹುದು. ನಿಮ್ಮ ಮೊದಲ ವರ್ಷದ ಬಡ್ಡಿ 3.96 ಲಕ್ಷ. ಶೇ 30ರ ಹಂತದಲ್ಲಿರುವವರಿಗೆ 2 ಲಕ್ಷದ ಮೇಲೆ, ಸೆಸ್ ಸೇರಿ, ಹೆಚ್ಚೆಂದರೆ 62,400 ರೂಪಾಯಿ ತೆರಿಗೆ ಉಳಿಯುತ್ತದೆ. ಆದರೆ 2025-26ರಿಂದ ಹೊಸ ಪದ್ಧತಿಯಲ್ಲಿ 12.75 ಲಕ್ಷದವರೆಗಿನ ಸಂಬಳಕ್ಕೆ ತೆರಿಗೆಯೇ ಬೀಳದ ಕಾರಣ, ಸಾಲದ ವಿನಾಯಿತಿಗಾಗಿಯೇ ಹಳೆಯ ಪದ್ಧತಿಯಲ್ಲಿ ಉಳಿಯುವುದು ಅನೇಕರಿಗೆ ನಷ್ಟದ ವ್ಯವಹಾರ. ಇಬ್ಬರ ಸಂಬಳವನ್ನೂ ಎರಡೂ ಪದ್ಧತಿಗಳಲ್ಲಿ ಲೆಕ್ಕ ಹಾಕಿಸಿ ನೋಡಿ.

ಪ್ರಶ್ನೆ ಕೇಳಿದವರಿಂದ

ಎಲ್ಲರಿಗೂ ಹೃತ್ಪೂರ್ವಕ ಧನ್ಯವಾದಗಳು. ಹತ್ತು ವರ್ಷ ಕಟ್ಟಿದ ಮೇಲೂ 43.86 ಲಕ್ಷ ಬಾಕಿ ಎಂಬುದನ್ನು ಓದಿದ ಮೇಲೆ 30 ವರ್ಷದ ಮಾತನ್ನು ಮನೆಯಲ್ಲಿ ಕೈಬಿಟ್ಟಿದ್ದೇವೆ. ಮಾರುವವರು ಮುಂದಿನ ಜೂನ್‌ವರೆಗೆ ಕಾಯಲು ಒಪ್ಪಿದರೆ ಅಲ್ಲಿಯವರೆಗೆ ಉಳಿತಾಯ ಮಾಡುತ್ತೇವೆ, ಇಲ್ಲದಿದ್ದರೆ 52 ಲಕ್ಷಕ್ಕೆ ಅರ್ಜಿ ತಿದ್ದಿಸುತ್ತೇವೆ. ವಿಮೆಯನ್ನು ಬೇರೆಯಾಗಿಯೇ ಮಾಡಿಸುತ್ತೇವೆ. ಒಂದು ಸಂದೇಹ ಉಳಿದಿದೆ: ಸಾಲ ತೀರಿದ ಮೇಲೆ ಅಡವಿಟ್ಟ ಪತ್ರಗಳನ್ನು ಬಿಡಿಸಿಕೊಳ್ಳುವುದಕ್ಕೂ ಖರ್ಚು, ಓಡಾಟ ಇದೆಯೇ?

ಉತ್ತರ 1ರವರಿಂದ

ಇದೆ, ಆದರೆ ದೊಡ್ಡದಲ್ಲ. ಪೂರ್ತಿ ಹಣ ಸಂದಾಯವಾದ 30 ದಿನಗಳೊಳಗೆ ಮೂಲ ಪತ್ರಗಳನ್ನು ಹಿಂದಿರುಗಿಸಬೇಕು, ತಪ್ಪಿದರೆ ತಡವಾದ ದಿನವೊಂದಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕು ಎಂಬ ರಿಸರ್ವ್ ಬ್ಯಾಂಕಿನ ನಿಯಮ 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಸಾಲ ಪಡೆಯುವ ದಿನವೇ ಬ್ಯಾಂಕಿಗೆ ಒಪ್ಪಿಸಿದ ಪತ್ರಗಳ ಪಟ್ಟಿಗೆ ಶಾಖೆಯ ಮೊಹರು ಹಾಕಿಸಿ ಇಟ್ಟುಕೊಳ್ಳಿ. ಸಾಲ ತೀರಿದ ದಿನ ಬೇಬಾಕಿ ಪತ್ರ ಪಡೆದು ಮನೆಗೆ ಬಂದರೆ ಕೆಲಸ ಮುಗಿಯುವುದಿಲ್ಲ. ಎಂಒಡಿಟಿ ನೋಂದಣಿಯಾಗಿದ್ದರೆ ಉಪನೋಂದಣಾಧಿಕಾರಿಯ ಕಚೇರಿಯಲ್ಲಿ ಬ್ಯಾಂಕಿನ ಅಧಿಕಾರಿಯ ಸಹಿಯೊಡನೆ ಅದರ ಬಿಡುಗಡೆ ಪತ್ರವನ್ನೂ ನೋಂದಾಯಿಸಬೇಕು. ಅದಾದ ಮೇಲೆ ನೋಂದಣಿ ಇಲಾಖೆಯ ಕಾವೇರಿ ಜಾಲತಾಣದಿಂದ ಋಣಭಾರ ಪ್ರಮಾಣಪತ್ರ ತೆಗೆದು, ಬ್ಯಾಂಕಿನ ಹೊರೆ ತೀರಿದೆ ಎಂಬ ನಮೂದು ಅದರಲ್ಲಿ ಬಂದಿದೆಯೇ ಎಂದು ನೋಡಿಕೊಳ್ಳಿ.